ಕನ್ನಡ ಪುಸ್ತಕಕ್ಕೆ ಸಂಪಾದಕರು ಯಾಕಿಲ್ಲ? ಪತ್ರಿಕೆಗಳಲ್ಲಿ ಇದ್ದವರು ಎಲ್ಲಿ ಹೋದರು?

ಮಲೆನಾಡ ಓದುಗ (ಚರ್ಚೆ ಶುರು ಮಾಡಿದವರು)

ಎಲ್ಲರಿಗೂ ನಮಸ್ಕಾರ. ಬಹಳ ದಿನದಿಂದ ಕೇಳಬೇಕು ಅಂತಿದ್ದ ಪ್ರಶ್ನೆ ಇದು.

ಈಚೆಗೆ ಹೊಸ ಲೇಖಕರೊಬ್ಬರ ದಪ್ಪ ಕಾದಂಬರಿ ಓದಿದೆ. ಹೆಸರು ಹೇಳುವುದಿಲ್ಲ. ಅವರಿಗೆ ನೋವು ಮಾಡುವುದು ನನ್ನ ಉದ್ದೇಶವಲ್ಲ. ವಸ್ತು ಚೆನ್ನಾಗಿದೆ, ಊರಿನ ವಿವರಗಳು ಕಣ್ಣಿಗೆ ಕಟ್ಟುತ್ತವೆ. ಆದರೆ ನಾಯಕಿಯ ತಂಗಿಗೆ ಅರ್ಧ ಪುಸ್ತಕ ಒಂದು ಹೆಸರು, ಆಮೇಲೆ ಇನ್ನೊಂದು. ಒಂದೇ ಜಗಳವನ್ನು ಎರಡು ಕಡೆ ಪೂರ್ತಿಯಾಗಿ ಹೇಳಿದ್ದಾರೆ. ಕಥೆ ಮುಗಿದ ಮೇಲೂ ನಾಲ್ಕು ಅಧ್ಯಾಯ ಇದೆ. ಇದು ಲೇಖಕರ ತಪ್ಪು ಅಂತ ನನಗೆ ಅನ್ನಿಸಲಿಲ್ಲ. ವರ್ಷಗಟ್ಟಲೆ ಅದರೊಳಗೇ ಇದ್ದವರಿಗೆ ಇಂಥದ್ದು ಕಾಣುವುದಿಲ್ಲ. ಕಾಣಬೇಕಾದದ್ದು ಇನ್ನೊಬ್ಬರಿಗೆ. ಅಚ್ಚಿಗೆ ಹೋಗುವ ಮುಂಚೆ ಅದನ್ನು ಪೂರ್ತಿ ಓದಿದ ಆ ಇನ್ನೊಬ್ಬರು ಇದ್ದರೇ ಅನ್ನುವುದೇ ನನ್ನ ಪ್ರಶ್ನೆ.

ಪುಸ್ತಕದ ಮಾಹಿತಿ ಪುಟ ತೆಗೆದು ನೋಡಿದೆ. ಮುದ್ರಕರ ಹೆಸರಿದೆ. ಮುಖಪುಟ ಬರೆದವರ ಹೆಸರಿದೆ. ಡಿಟಿಪಿ, ಅಂದರೆ ಕಂಪ್ಯೂಟರಿನಲ್ಲಿ ಅಕ್ಷರ ಜೋಡಿಸಿ ಪುಟ ಕಟ್ಟುವ ಕೆಲಸ, ಮಾಡಿದವರ ಹೆಸರಿದೆ. ಕಾಗದ 70 ಜಿಎಸ್‌ಎಂ ಮ್ಯಾಪ್‌ಲಿಥೊ, ಆಕಾರ 1/8 ಡೆಮಿ ಅಂತ ಕಾಗದದ ತೂಕ, ಬಗೆ, ಪುಸ್ತಕದ ಅಳತೆಯೂ ಇದೆ. ಸಂಪಾದಕರ ಹೆಸರಿಲ್ಲ. ಮನೆಯ ಕಪಾಟಿನಲ್ಲಿದ್ದ ಬೇರೆ ಪುಸ್ತಕಗಳನ್ನೂ ತೆಗೆದು ನೋಡಿದೆ. ಅಭಿನಂದನ ಗ್ರಂಥ, ಲೇಖನ ಸಂಗ್ರಹ ಬಿಟ್ಟರೆ ಕಥೆ ಕಾದಂಬರಿಗಳಲ್ಲಿ ಆ ಸಾಲೇ ಇಲ್ಲ.

ಪತ್ರಿಕೆ ಹಾಗಲ್ಲ. 1867ರ ಪತ್ರಿಕೆ ಮತ್ತು ಪುಸ್ತಕ ನೋಂದಣಿ ಕಾಯ್ದೆ ಪ್ರಕಾರ ಪತ್ರಿಕೆಯ ಪ್ರತಿಯೊಂದು ಪ್ರತಿಯಲ್ಲೂ ಸಂಪಾದಕರ ಹೆಸರು ಇರಲೇಬೇಕಿತ್ತು. ಪುಸ್ತಕಕ್ಕೆ ಮುದ್ರಕರು, ಪ್ರಕಾಶಕರು ಇಷ್ಟೇ ಸಾಕಿತ್ತು. ಆ ಕಾಯ್ದೆಯ ಜಾಗಕ್ಕೆ 2023ರಲ್ಲಿ ಹೊಸದು ಬಂತು, 2024ರ ಮಾರ್ಚ್ 1ರಿಂದ ಜಾರಿಯಾಗಿದೆ. ಅದು ಪುಸ್ತಕಗಳಿಗೆ ಅನ್ವಯಿಸುವುದೇ ಇಲ್ಲ. ಕಾನೂನು ಕೇಳಿದ ಕಡೆ ಸಂಪಾದಕ ಇದ್ದಾರೆ, ಕೇಳದ ಕಡೆ ಇಲ್ಲ. ನಮ್ಮ ಪುಸ್ತಕಗಳ ಸ್ಥಿತಿ ಇಷ್ಟೇನಾ?

ಪತ್ರಿಕೆಯಲ್ಲಿ, ಪ್ರಕಾಶನದಲ್ಲಿ ಕೆಲಸ ಮಾಡಿದವರು ಇಲ್ಲಿ ಇದ್ದೀರಿ ಅಂತ ಗೊತ್ತು. ದಯವಿಟ್ಟು ಬರೆಯಿರಿ.

---

ಡೆಸ್ಕಿನಲ್ಲಿದ್ದವನು

ಒಳ್ಳೆಯ ಪ್ರಶ್ನೆ ಸರ್. ನಾನು ದಿನಪತ್ರಿಕೆಯೊಂದರ ಡೆಸ್ಕಿನಲ್ಲಿ, ಅಂದರೆ ಬಂದ ವರದಿಗಳನ್ನು ತಿದ್ದುವ ವಿಭಾಗದಲ್ಲಿ, ಉಪ ಸಂಪಾದಕನಾಗಿ ಶುರು ಮಾಡಿ ಸುದ್ದಿ ಸಂಪಾದಕನ ತನಕ ಕೆಲಸ ಮಾಡಿದವನು. ಪತ್ರಿಕೆಯಲ್ಲಿ ಸಂಪಾದಕ ಅಂದರೆ ಸಂಪಾದಕೀಯ ಬರೆಯುವವರು ಅಂತ ಬಹಳ ಜನ ತಿಳಿದಿದ್ದಾರೆ. ಹಳೆಯ ಕಾಯ್ದೆಯಲ್ಲಿ ಸಂಪಾದಕರಿಗೆ ಕೊಟ್ಟ ಅರ್ಥ ಬೇರೆ. ಪತ್ರಿಕೆಯಲ್ಲಿ ಏನು ಬರಬೇಕು ಅನ್ನುವ ಆಯ್ಕೆ ಯಾರ ಕೈಯಲ್ಲಿದೆಯೋ ಅವರೇ ಸಂಪಾದಕ. ಅಂದರೆ ಬೇಡ ಅನ್ನುವ ಅಧಿಕಾರ ಇರುವವರು. ಮಾನನಷ್ಟ ಕೇಸು ಬಿದ್ದರೆ ಕೋರ್ಟಿಗೆ ಹೋಗಬೇಕಾದವರೂ ಅವರೇ.

ಆ ಅಧಿಕಾರ ಒಬ್ಬರ ಹೆಸರಿನಲ್ಲಿದ್ದರೂ ಕೆಲಸ ನಡೆಯುವುದು ಡೆಸ್ಕಿನಲ್ಲಿ. ಸಂಜೆ ಏಳರ ಮೇಲೆ ತಾಲ್ಲೂಕುಗಳಿಂದ ಕಾಪಿ, ಅಂದರೆ ವರದಿಗಳ ಬರಹ, ಬಂದು ಬೀಳುತ್ತದೆ. ಕಳಿಸುವವರಲ್ಲಿ ಜಾಸ್ತಿ ಜನ ಅರೆಕಾಲಿಕ ವರದಿಗಾರರು. ಬೆಳಗ್ಗೆಯಿಂದ ಊರೂರು ಸುತ್ತಿ ಬಂದಿರುತ್ತಾರೆ. ಅಪಘಾತದ ಸುದ್ದಿಯಲ್ಲಿ ಸತ್ತವರ ವಯಸ್ಸು ಮೇಲೆ ಒಂದು, ಕೆಳಗೆ ಒಂದು ಇರುತ್ತದೆ. ಇನಿಷಿಯಲ್ ತಪ್ಪಿರುತ್ತದೆ. ಆರೋಪಿ ಅಂತ ಬರೆಯಬೇಕಾದ ಕಡೆ ಅಪರಾಧಿ ಅಂತ ಇರುತ್ತದೆ. ಇದನ್ನೆಲ್ಲ ಹಿಡಿಯುವುದು ಡೆಸ್ಕು.

ಇದಕ್ಕಿಂತ ದೊಡ್ಡ ಜವಾಬ್ದಾರಿಗಳೂ ಇವೆ. ಮಗುವಿನ ಮೇಲೆ ದೌರ್ಜನ್ಯ ಆದ ಸುದ್ದಿಯಲ್ಲಿ ಮಗುವಿನ ಹೆಸರು ಹಾಕಬಾರದು ಅಂತ ಎಲ್ಲರಿಗೂ ಗೊತ್ತು. ಆದರೆ ಮಕ್ಕಳನ್ನು ಲೈಂಗಿಕ ದೌರ್ಜನ್ಯದಿಂದ ಕಾಪಾಡುವ ಪೋಕ್ಸೊ ಕಾಯ್ದೆಯ 23ನೇ ಕಲಮು ಹೆಸರಿಗೆ ನಿಲ್ಲುವುದಿಲ್ಲ. ವಿಳಾಸ, ಫೋಟೊ, ಮನೆಯವರ ವಿವರ, ಶಾಲೆ, ನೆರೆಹೊರೆ ಯಾವುದರಿಂದಲೂ ಗುರುತು ಸಿಗಬಾರದು. ಆರೋಪಿ ಚಿಕ್ಕಪ್ಪ ಅಂತ ಬರೆದು ಅವನ ಹೆಸರು ಹಾಕಿದರೆ ಮಗು ಯಾರು ಅಂತ ಇಡೀ ಊರಿಗೆ ತಿಳಿಯಿತು, ಅಲ್ವಾ? ವರದಿಗಾರನಿಗೆ ರಾತ್ರಿ ಹತ್ತಕ್ಕೆ ಇದು ಹೊಳೆಯದೇ ಇರಬಹುದು. ಡೆಸ್ಕಿನಲ್ಲಿ ಕೂತವನಿಗೆ ಹೊಳೆಯಲೇಬೇಕು.

ಆತ್ಮಹತ್ಯೆ ಸುದ್ದಿಯೂ ಹಾಗೇ. ಹೇಗೆ ಸತ್ತರು ಅನ್ನುವ ವಿವರ ಬಿಡಿಸಿ ಬರೆಯಬಾರದು, ದೊಡ್ಡ ತಲೆಬರಹ ಕೊಡಬಾರದು ಅಂತ ಪ್ರೆಸ್ ಕೌನ್ಸಿಲ್ 2019ರಲ್ಲಿ ಮಾರ್ಗಸೂಚಿ ಒಪ್ಪಿಕೊಂಡಿದೆ. ಡೆಸ್ಕಿನಲ್ಲಿ ಒಬ್ಬರು ಗಟ್ಟಿಯಾಗಿ ನಿಂತು ಆ ಸಾಲುಗಳನ್ನು ಹೊಡೆದುಹಾಕದಿದ್ದರೆ ಆ ಮಾರ್ಗಸೂಚಿ ಕಾಗದದಲ್ಲೇ ಉಳಿಯುತ್ತದೆ.

ಈಗ ಆ ಒಬ್ಬರೇ ಕಡಿಮೆ ಆಗುತ್ತಿದ್ದಾರೆ. ಅದನ್ನು ಆಮೇಲೆ ಬರೆಯುತ್ತೇನೆ.

---

ಹೊಸ ಕಥೆಗಾರ

ನನಗೆ ಇದರಲ್ಲಿ ಭಯವೇ ಜಾಸ್ತಿ ಇದೆ. ನಾನು ಬರೆಯುವುದು ನಮ್ಮ ರಾಯಚೂರು ಕಡೆಯ ಮಾತಿನಲ್ಲಿ. ಪುರವಣಿಯೊಂದಕ್ಕೆ ಕಥೆ ಕಳಿಸಿದ್ದೆ. ಅಚ್ಚಾಗಿ ಬಂದಾಗ ನನ್ನ ಅಜ್ಜಿ ಬೆಂಗಳೂರಿನ ಟೀಚರ್ ಥರ ಮಾತಾಡುತ್ತಿದ್ದಳು. ಒಂದು ಮಾತು ನನ್ನನ್ನು ಕೇಳಿರಲಿಲ್ಲ. ಸಂಪಾದಕರು ಬೇಕು ಅಂತ ನೀವೆಲ್ಲ ಹೇಳುವಾಗ ನನಗೆ ನೆನಪಾಗುವುದು ಆ ಅಜ್ಜಿ. ಒಂದು ಸೀಮೆಯ ಕನ್ನಡವೇ ಸರಿಯಾದ ಕನ್ನಡ ಅಂದುಕೊಂಡವರ ಕೈಗೆ ಪೆನ್ನು ಕೊಟ್ಟರೆ ಉಳಿದವರ ಗತಿ ಏನು?

ದೇವನೂರ ಮಹಾದೇವ ಅವರ 'ಕುಸುಮಬಾಲೆ' 1984ರಲ್ಲಿ ಬಂತು. ಅದರ ಭಾಷೆಯನ್ನು ಯಾರಾದರೂ 'ಸರಿ' ಮಾಡಲು ಕೂತಿದ್ದರೆ ಆ ಪುಸ್ತಕವೇ ಇರುತ್ತಿರಲಿಲ್ಲ.

---

ಧಾರವಾಡದಾಕಿ

ತಮ್ಮಾ, ನಿಮ್ಮ ಸಿಟ್ಟು ನನಗೆ ಅರ್ಥ ಆಗುತ್ತದೆ. ಆದರೆ ನಿಮ್ಮ ಅಜ್ಜಿಯ ಮಾತನ್ನು ಬದಲಿಸಿದವರು ಸಂಪಾದನೆ ಮಾಡಲಿಲ್ಲ. ಲೇಖಕರನ್ನು ಕೇಳದೆ ಮಾಡಿದ್ದನ್ನು ಆ ಹೆಸರಿನಿಂದ ಕರೆಯಬೇಡಿ.

ಸಂಪಾದನೆ ಅಂದರೆ ಏನು ಅಂತ ನಮ್ಮೂರಿನ ಅಟ್ಟ ನೋಡಿದವರಿಗೆ ಗೊತ್ತು. ಸುಭಾಸ ರಸ್ತೆಯ ಮನೋಹರ ಗ್ರಂಥಮಾಲೆಯ ಅಟ್ಟದ ಮಾತು ಹೇಳುತ್ತಿದ್ದೇನೆ. 1933ರಲ್ಲಿ ಶುರುವಾದ ಪ್ರಕಾಶನ ಸಂಸ್ಥೆ. ಜಿ.ಬಿ. ಜೋಶಿಯವರು ಅದನ್ನು ಕಟ್ಟಿದರು. ತಾವೂ 'ಜಡಭರತ' ಅನ್ನುವ ಹೆಸರಿನಲ್ಲಿ ನಾಟಕ ಬರೆದವರು. ಚಂದಾದಾರರಿಂದ ಹಣ ಪಡೆದು ವರ್ಷಕ್ಕೆ ಇಷ್ಟು ಪುಸ್ತಕ ಅಂತ ಕೊಡುತ್ತಿದ್ದರು. ಹಾಗಾಗಿ ಓದುಗರಿಗೆ ಉತ್ತರ ಹೇಳಬೇಕಾದ ಹೊಣೆ ಅವರ ಮೇಲಿತ್ತು. ಕೈಗೆ ಬಂದದ್ದನ್ನು ಅಚ್ಚು ಹಾಕಿ ಕಳಿಸುವಂತಿರಲಿಲ್ಲ.

ಅವರ ಜೊತೆ ಕೀರ್ತಿನಾಥ ಕುರ್ತಕೋಟಿ ಇದ್ದರು, ಗ್ರಂಥಮಾಲೆಯ ಸಾಹಿತ್ಯ ಸಲಹೆಗಾರರಾಗಿ. ಕನ್ನಡದಲ್ಲಿ ಹೇಳಿಕೊಳ್ಳುವಂಥ ಐತಿಹಾಸಿಕ ನಾಟಕಗಳಿಲ್ಲ ಅನ್ನುವ ಅವರ ಮಾತೇ 'ತುಘಲಕ್' ಬರೆಯಲು ಕಾರಣ ಆಯಿತು ಅಂತ ಗಿರೀಶ ಕಾರ್ನಾಡರು ಹೇಳಿಕೊಂಡಿದ್ದಾರೆ. ಆಗ ಕಾರ್ನಾಡರು ಇಪ್ಪತ್ತರ ಆಸುಪಾಸಿನ ಹುಡುಗ. 'ಯಯಾತಿ' 1961ರಲ್ಲಿ, 'ತುಘಲಕ್' 1964ರಲ್ಲಿ ಬಂದವು, ಎರಡೂ ಗ್ರಂಥಮಾಲೆಯಿಂದಲೇ. ಹಸ್ತಪ್ರತಿಯಲ್ಲಿ ಅಲ್ಪವಿರಾಮ ಸರಿ ಮಾಡಿದ್ದಕ್ಕೆ ನಾನು ಇದನ್ನು ಹೇಳುತ್ತಿಲ್ಲ. ಇನ್ನೂ ಬರೆಯದೇ ಇದ್ದ ನಾಟಕದ ಮೇಲೆ ಕೂಡ ಕುರ್ತಕೋಟಿಯವರ ಓದಿನ ಒತ್ತಡ ಇತ್ತು. ಭಾಷೆಯಲ್ಲಿ ಏನು ಬಂದಿದೆ, ಏನು ಬಂದಿಲ್ಲ ಅಂತ ಪೂರ್ತಿ ತಿಳಿದವರು ಒಬ್ಬ ಹುಡುಗನ ಎದುರು ಕೂತು ಮಾತಾಡಿದರು.

ಅಟ್ಟಕ್ಕೆ ಬೇಂದ್ರೆ ಬರುತ್ತಿದ್ದರು, ಕವಿ ಎ.ಕೆ. ರಾಮಾನುಜನ್ ಬರುತ್ತಿದ್ದರು. ಮಾತು ನಡೆಯುತ್ತಿತ್ತು, ಜಗಳವೂ ನಡೆಯುತ್ತಿತ್ತು. ಒಂದು ಹಸ್ತಪ್ರತಿಗೆ ಅದಕ್ಕಿಂತ ಒಳ್ಳೆಯ ಜಾಗ ಇನ್ನೊಂದು ಬೇಕೇನ್ರೀ?

---

ಸಣ್ಣ ಪ್ರಕಾಶಕ

ಎಲ್ಲರೂ ಪ್ರಕಾಶಕರ ಕಡೆ ಬೆರಳು ತೋರಿಸುವ ಮುಂಚೆ ನಮ್ಮ ಲೆಕ್ಕ ಕೇಳಿ.

ಮೊದಲು ಒಂದು ಪುಸ್ತಕ 1000 ಪ್ರತಿ ಹಾಕುತ್ತಿದ್ದೆವು. ಈಗ ಹೊಸ ಲೇಖಕರದ್ದಾದರೆ 300, 500. ಸಾಲದಿದ್ದರೆ ಬೇಡಿಕೆ ಬಂದ ಹಾಗೆ ಮತ್ತೆ ಹಾಕಿಸುತ್ತೇವೆ. ಕಾಗದ, ಮುದ್ರಣ, ಬೈಂಡಿಂಗ್, ಮುಖಪುಟ, ಅಂಗಡಿಯವರ ಕಮಿಷನ್, ಕೊರಿಯರ್ ಎಲ್ಲ ಕಳೆದು ಲೇಖಕರಿಗೆ ಗೌರವಧನ ಕೊಟ್ಟರೆ ಉಳಿಯುವುದು ಬಹಳ ಕಡಿಮೆ. ಇದರಲ್ಲಿ ಒಬ್ಬ ಓದುಬಲ್ಲವರಿಗೆ ಒಂದು ತಿಂಗಳ ಸಂಬಳ ಎಲ್ಲಿಂದ ತರಲಿ?

ಇನ್ನೊಂದು ವಿಷಯ ಓದುಗರಿಗೆ ಗೊತ್ತಿರುವುದಿಲ್ಲ. ನಮ್ಮಲ್ಲಿ ಬಹಳ ಪ್ರಕಾಶಕರು ಉಸಿರಾಡುವುದು ಗ್ರಂಥಾಲಯ ಇಲಾಖೆಯ ಸಗಟು ಖರೀದಿಯಿಂದ. ಅಲ್ಲಿ ಬೆಲೆ ಕಟ್ಟುವುದು ಪುಟದ ಲೆಕ್ಕದಲ್ಲಿ. ಕಾಗದ ಎಷ್ಟು ಜಿಎಸ್‌ಎಂ, ಆಕಾರ ಯಾವುದು, ಪುಟ ಎಷ್ಟು. ಮಲೆನಾಡ ಓದುಗರು ಮಾಹಿತಿ ಪುಟದಲ್ಲಿ ನೋಡಿದ ಸಾಲುಗಳು ಅಲ್ಲಿರುವುದು ಇದಕ್ಕೇ. ಈಗ ಯೋಚನೆ ಮಾಡಿ. 320 ಪುಟದ ಕಾದಂಬರಿಯನ್ನು ಒಬ್ಬ ಒಳ್ಳೆಯ ಸಂಪಾದಕರು 240ಕ್ಕೆ ಇಳಿಸಿದರು ಅಂತಿಟ್ಟುಕೊಳ್ಳಿ. ಪುಸ್ತಕ ಚೆನ್ನಾಗಾಯಿತು. ನನಗೆ ಸಿಗುವ ಬೆಲೆ ಕಾಲು ಭಾಗ ಇಳಿಯಿತು. ಸಂಪಾದಕರಿಗೆ ಕೊಡುವುದು ಬೇರೆ. ಚೆನ್ನಾಗಿ ಕೆಲಸ ಮಾಡಿದ್ದಕ್ಕೆ ಎರಡು ಕಡೆ ನಷ್ಟ. ಪುಟಕ್ಕೆ ಬೆಲೆ ಇಟ್ಟ ವ್ಯವಸ್ಥೆಯಲ್ಲಿ ಪುಟ ಕಡಿಮೆ ಮಾಡುವವರಿಗೆ ಜಾಗ ಇರುವುದಿಲ್ಲ.

ಲೇಖಕರೂ ಸಹಾಯ ಮಾಡುವುದಿಲ್ಲ. ಹಸ್ತಪ್ರತಿ ಕೊಡುವಾಗಲೇ ಬಿಡುಗಡೆ ದಿನ ಗೊತ್ತು ಮಾಡಿರುತ್ತಾರೆ. ಹಾಲ್ ಬುಕ್ ಆಗಿದೆ, ಮುಖ್ಯ ಅತಿಥಿ ಒಪ್ಪಿದ್ದಾರೆ, 'ಸುಮ್ನೆ ಒಂದು ಸಲ ಕಣ್ಣಾಡಿಸಿ ಪ್ರೆಸ್ಸಿಗೆ ಕಳಿಸಿ ಸರ್' ಅಂತಾರೆ. ಮೂರನೇ ಅಧ್ಯಾಯ ಬೇಡ ಅಂತ ಒಬ್ಬರಿಗೆ ಹೇಳಿದ್ದಕ್ಕೆ ಅವರು ಹಸ್ತಪ್ರತಿ ವಾಪಸ್ ತೆಗೆದುಕೊಂಡು ಬೇರೆ ಕಡೆ ಹಾಗೇ ಮಾಡಿಸಿಕೊಂಡರು.

---

ಕರಡು ತಿದ್ದುವವಳು

ಪ್ರಕಾಶಕರು ಹೇಳಿದ ಲೆಕ್ಕ ನಿಜ. ನಾನು ಮನೆಯಲ್ಲೇ ಕೂತು ಹಲವು ಪ್ರಕಾಶನಗಳಿಗೆ ಕರಡು ತಿದ್ದಿಕೊಡುತ್ತೇನೆ. ದರ ಪುಟದ ಲೆಕ್ಕ.

ನನ್ನ ಕೆಲಸವನ್ನೂ ಸಂಪಾದನೆಯನ್ನೂ ದಯವಿಟ್ಟು ಬೆರೆಸಬೇಡಿ. ಕರಡು ತಿದ್ದುವುದು ಕಣ್ಣಿನ ಕೆಲಸ. ಅಲ್ಪಪ್ರಾಣ ಮಹಾಪ್ರಾಣ, ಒತ್ತಕ್ಷರ, ಬಿಟ್ಟುಹೋದ ಸಾಲು, ಎರಡು ಸಲ ಬಂದ ಪ್ಯಾರಾ. 'ನುಡಿ', 'ಬರಹ' ಅನ್ನುವ ತಂತ್ರಾಂಶಗಳಲ್ಲಿ ಟೈಪ್ ಮಾಡಿದ್ದನ್ನು ಯೂನಿಕೋಡಿಗೆ ತಂದರೆ ಅರ್ಕಾವತ್ತು ಎಲ್ಲೆಲ್ಲೋ ಹೋಗಿ ಕೂತಿರುತ್ತದೆ. ಅದನ್ನೆಲ್ಲ ಹುಡುಕಿ ಸರಿ ಮಾಡಬೇಕು. ಅಚ್ಚುಮೊಳೆ ಜೋಡಿಸುವ ಕಾಲದಲ್ಲಿ ಗ್ಯಾಲಿ ಪ್ರೂಫ್ ಒಂದು, ಪುಟ ಕಟ್ಟಿದ ಮೇಲೆ ಇನ್ನೊಂದು ಬರುತ್ತಿತ್ತು. ಮೊಳೆ ಜೋಡಿಸುವವರೇ ಎಷ್ಟೋ ತಪ್ಪು ಹಿಡಿಯುತ್ತಿದ್ದರು. ಅವರ ಕೈಯಲ್ಲಿ ಒಂದೊಂದು ಅಕ್ಷರವೂ ದಾಟಿ ಹೋಗುತ್ತಿತ್ತಲ್ಲ. ಡಿಟಿಪಿ ಬಂದ ಮೇಲೆ ಲೇಖಕರ ಫೈಲೇ ನೇರವಾಗಿ ಪುಟವಾಗುತ್ತದೆ. ನಡುವಿನ ಎರಡು ಮೂರು ಜೋಡಿ ಕಣ್ಣು ಕಡಿಮೆಯಾದವು. ವೇಗ ಬಂತು, ಖರ್ಚು ಇಳಿಯಿತು. ಆದರೆ ಉಳಿತಾಯದ ಒಂದು ಪಾಲೂ ಓದುವವರಿಗೆ ಅಂತ ಮೀಸಲಾಗಲಿಲ್ಲ.

ಸಂಪಾದನೆ ಇದಕ್ಕಿಂತ ಮೊದಲೇ ಆಗಬೇಕಾದ ಕೆಲಸ. ಈ ಕಥೆ ಯಾರ ಕಣ್ಣಿನಿಂದ ನಡೆಯುತ್ತಿದೆ? ಅತ್ತೆ ಸತ್ತದ್ದು ಸೊಸೆಗೆ ಗೊತ್ತಾಗುವ ಮುಂಚೆಯೇ ಓದುಗರಿಗೆ ಗೊತ್ತಾಗಬೇಕಾ? ಮಳೆಗಾಲದಲ್ಲಿ ಶುರುವಾದ ಪ್ರಯಾಣ ಎರಡೇ ದಿನಕ್ಕೆ ಮಾವಿನ ಹಣ್ಣಿನ ಕಾಲಕ್ಕೆ ಹೇಗೆ ಬಂತು? ಮುನ್ನುಡಿಯಲ್ಲೇ ಕೊನೆ ಹೇಳಿಬಿಟ್ಟಿದ್ದೀರಲ್ಲ? ಇಂಥ ಪ್ರಶ್ನೆಗಳನ್ನು ಪುಟದ ಬದಿಯಲ್ಲಿ ಬರೆದು ಲೇಖಕರಿಗೆ ಕಳಿಸುವುದು. ಉತ್ತರ ಅವರೇ ಹುಡುಕಬೇಕು. ಸಂಪಾದಕರು ತಾವೇ ಬರೆದು ತುಂಬಿಸಬಾರದು.

ನನಗೆ ಬರುವ ಹೊತ್ತಿಗೆ ಪುಸ್ತಕಕ್ಕೆ ಪುಟ ಕಟ್ಟಿ ಆಗಿರುತ್ತದೆ. ಆಗ ಇಂಥ ಪ್ರಶ್ನೆ ಎದ್ದರೂ ಎಲ್ಲಿ ಕೇಳಲಿ? ಒಮ್ಮೆ ಒಂದು ಆತ್ಮಕಥೆಯಲ್ಲಿ ಇಸವಿಗಳು ಒಂದಕ್ಕೊಂದು ಹೊಂದುತ್ತಿರಲಿಲ್ಲ. ಪ್ರಕಾಶಕರಿಗೆ ಹೇಳಿದೆ. 'ನಿಮಗೆ ಕೊಟ್ಟ ಕೆಲಸ ಕಾಗುಣಿತ ನೋಡುವುದು' ಅಂದರು. ಪುಸ್ತಕ ಹಾಗೇ ಬಂತು. ನಾಳೆ ಅದನ್ನೇ ಆಧಾರ ಅಂತ ಇನ್ನೊಬ್ಬರು ಪಿಎಚ್‌ಡಿಯಲ್ಲಿ ಹಾಕುತ್ತಾರೆ. ಅದಕ್ಕೇ ಬೇಜಾರು.

---

ಕಡಲ ಕರೆಯ ಮೇಷ್ಟ್ರು

ಹೊಸ ಕಥೆಗಾರರು ಎತ್ತಿದ ಮಾತನ್ನು ಪಕ್ಕಕ್ಕೆ ಸರಿಸಬೇಡಿ. ಬಾಗಿಲಲ್ಲಿ ನಿಂತವರು ಯಾರನ್ನು ಒಳಗೆ ಬಿಡುತ್ತಾರೆ, ಯಾರನ್ನು ಬಿಡುವುದಿಲ್ಲ ಅನ್ನುವುದು ದೊಡ್ಡ ಪ್ರಶ್ನೆ. ಆದರೆ ಬಾಗಿಲು ತೆರೆದ ಸಂಪಾದಕರೂ ಇದ್ದರು ಅನ್ನುವುದಕ್ಕೆ ನಮ್ಮ ಕರಾವಳಿಯ ಉದಾಹರಣೆ ಕೊಡುತ್ತೇನೆ.

ಪಿ. ಲಂಕೇಶ್ 1980ರಲ್ಲಿ 'ಲಂಕೇಶ್ ಪತ್ರಿಕೆ' ಶುರು ಮಾಡಿದರು. ಜಾಹೀರಾತು ಬೇಡ, ಓದುಗರ ದುಡ್ಡಿನಲ್ಲೇ ನಡೆಯಲಿ ಅನ್ನುವ ಹಟ. ಸಾರಾ ಅಬೂಬಕ್ಕರ್ ಆಗ ಮಂಗಳೂರಿನಲ್ಲಿದ್ದ ಗೃಹಿಣಿ, ಕಾಸರಗೋಡಿನವರು. ಅವರ ಲೇಖನ ಆ ಪತ್ರಿಕೆಯಲ್ಲಿ ಬಂತು. ಬರೆಯಿರಿ ಅನ್ನುವ ಪ್ರೋತ್ಸಾಹ ಸಿಕ್ಕಿತು. 'ಚಂದ್ರಗಿರಿಯ ತೀರದಲ್ಲಿ' ಅಲ್ಲೇ ಧಾರಾವಾಹಿಯಾಯಿತು, ಆಮೇಲೆ ಪುಸ್ತಕವಾಯಿತು. ಮುಸ್ಲಿಂ ಹೆಣ್ಣುಮಗಳ ಮನೆಯೊಳಗಿನ ಬದುಕು ಕನ್ನಡದ ಓದುಗರ ಮುಂದೆ ಆ ಥರ ಮೊದಲು ಬಂದಿರಲಿಲ್ಲ. ಬಾನು ಮುಷ್ತಾಕ್ ಅವರೂ ಅದೇ ಪತ್ರಿಕೆಗೆ ವರದಿ ಮಾಡಿದವರು.

ಲಂಕೇಶ್ ಎಲ್ಲರಿಗೂ ಹಿಡಿಸಿದ ಸಂಪಾದಕರಲ್ಲ. ಅವರ ಪತ್ರಿಕೆಯ ಭಾಷೆ, ಬೈಗುಳ, ಕೆಲವರ ಬಗ್ಗೆ ತೋರಿದ ಕಾಠಿಣ್ಯ ನನಗೂ ಒಪ್ಪಿಗೆ ಇರಲಿಲ್ಲ. ಆದರೆ ಯಾರಿಗೆ ಹೇಳುವುದಕ್ಕೆ ಏನೋ ಇದೆ ಅಂತ ಗುರುತಿಸುವ ಮೂಗು ಅವರಿಗಿತ್ತು.

ವಡ್ಡರ್ಸೆ ರಘುರಾಮ ಶೆಟ್ಟಿ ಅವರನ್ನೂ ನೆನೆಯಬೇಕು. 1984ರಲ್ಲಿ ಮಂಗಳೂರಿನಲ್ಲಿ 'ಮುಂಗಾರು' ದಿನಪತ್ರಿಕೆ ತಂದರು. ಬರವಣಿಗೆಯ ಅನುಭವ ಇಲ್ಲದ ಹುಡುಗರನ್ನು ಸೇರಿಸಿಕೊಂಡು ತಿದ್ದಿ ತೀಡಿದರು. ಪತ್ರಿಕೆ ಬಹಳ ಕಾಲ ಬಾಳಲಿಲ್ಲ. ಅಲ್ಲಿ ಕಲಿತವರು ಮುಂದೆ ಕನ್ನಡದ ಬೇರೆ ಬೇರೆ ಪತ್ರಿಕೆಗಳಲ್ಲಿ ಹೆಸರು ಮಾಡಿದರು.

---

ಹೊಸ ಕಥೆಗಾರ

ಮೇಷ್ಟ್ರೇ, ಒಪ್ಪಿದೆ. ಅಂಥವರು ಸಿಕ್ಕರೆ ನಾನು ಮೊದಲು ಹೋಗಿ ಕೂರುತ್ತೇನೆ. ಧಾರವಾಡದ ಅಕ್ಕನವರೇ, ನಿಮ್ಮ ಅಟ್ಟದ ಮಾತು ಓದಿ ಹೊಟ್ಟೆಯುರಿ ಬಂತು. ಆದರೆ ನನ್ನ ಊರಿನಿಂದ ಅಂಥ ಅಟ್ಟಕ್ಕೆ ದಾರಿ ಯಾವುದು? ಗುರುತು ಪರಿಚಯ ಇದ್ದವರಿಗೆ ಮಾತ್ರ ಹತ್ತಲು ಆಗುತ್ತಿತ್ತಾ? ಅದನ್ನು ಯಾರಾದರೂ ಹೇಳಿ.

---

ಹಳಗನ್ನಡದ ವಿದ್ಯಾರ್ಥಿ

ಇಲ್ಲಿಯ ತನಕ ಯಾರೂ ಹೇಳದ ಒಂದು ವಿಷಯ. ಕನ್ನಡದಲ್ಲಿ ಸಂಪಾದನೆ ಗೊತ್ತಿಲ್ಲ ಅಂತಲ್ಲ. ಹಳೆಯ ಕಾವ್ಯಗಳ ಮಟ್ಟಿಗೆ ನಮ್ಮಲ್ಲಿ ಬಹಳ ಎತ್ತರದ ಕೆಲಸ ನಡೆದಿದೆ. ಡಿ.ಎಲ್. ನರಸಿಂಹಾಚಾರ್ ಅಂಥವರು ಒಂದು ಪದ್ಯದ ಒಂದು ಶಬ್ದಕ್ಕಾಗಿ ಹತ್ತಾರು ತಾಳೆಗರಿ ಪ್ರತಿಗಳನ್ನು ಹೋಲಿಸಿ ನೋಡುತ್ತಿದ್ದರು. ಒಪ್ಪಿದ ಪಾಠ ಮೇಲೆ, ಉಳಿದವು ಅಡಿಟಿಪ್ಪಣಿಯಲ್ಲಿ. ಅನುಮಾನ ಇದ್ದರೆ ಅನುಮಾನ ಅಂತಲೇ ಬರೆಯುತ್ತಿದ್ದರು. ಈ ವಿದ್ಯೆಗೆ ಅವರು ಒಂದು ಇಡೀ ಶಾಸ್ತ್ರಗ್ರಂಥವನ್ನೇ ಬರೆದಿದ್ದಾರೆ. ಕುಮಾರವ್ಯಾಸನ ಭಾರತವನ್ನು ಕುವೆಂಪು ಮತ್ತು ಮಾಸ್ತಿ ಸಂಪಾದಿಸಿಕೊಟ್ಟರು. ಫ.ಗು. ಹಳಕಟ್ಟಿಯವರು ವಿಜಯಪುರದಲ್ಲಿ ವಚನಗಳ ಓಲೆಗರಿ ಹುಡುಕಿ, ಅಚ್ಚು ಹಾಕಲು ಮುದ್ರಣಾಲಯವನ್ನೇ ಶುರು ಮಾಡಿದರು.

ಲೇಖಕನ ಮಾತಿನ ಮೇಲೆ ಎಷ್ಟು ಗೌರವ ನೋಡಿ. ಅವನು ಏನು ಬರೆದಿದ್ದ ಅಂತ ತಿಳಿಯಲು ಜೀವಮಾನ ಕೊಟ್ಟರು. ಸಾವಿರ ವರ್ಷದ ಹಿಂದಿನ ಪಂಪನಿಗೆ ಸಿಕ್ಕ ಆ ಎಚ್ಚರಿಕೆಯ ಓದು ಇವತ್ತು ಬದುಕಿರುವ, ಫೋನ್ ಮಾಡಿದರೆ ಉತ್ತರ ಕೊಡುವ ಕಾದಂಬರಿಕಾರನಿಗೆ ಸಿಗುತ್ತಿಲ್ಲ. ವಿಶ್ವವಿದ್ಯಾಲಯಗಳ ಕನ್ನಡ ವಿಭಾಗಗಳಲ್ಲಿ ಗ್ರಂಥಸಂಪಾದನೆ ಪಾಠ ಇದೆ. ಅದರ ಪಕ್ಕದಲ್ಲೇ ಇವತ್ತಿನ ಹಸ್ತಪ್ರತಿಯನ್ನು ಓದಿ ತಿದ್ದುವುದನ್ನೂ ಒಂದು ಪಾಠವಾಗಿ ಇಟ್ಟರೆ ಏನು ಕಷ್ಟ?

---

ಡೆಸ್ಕಿನಲ್ಲಿದ್ದವನು

ಬಾಕಿ ಇದ್ದದ್ದನ್ನು ಬರೆಯುತ್ತೇನೆ.

ಪತ್ರಿಕೆಗಳಲ್ಲಿ ಸಂಪಾದಕರ ಹೆಸರು ಇನ್ನೂ ಕೊನೆಯ ಪುಟದ ಕೆಳಗೆ ಇದೆ. ಅವರ ಕೆಲಸದ ಸ್ವರೂಪ ಮಾತ್ರ ಬದಲಾಗಿದೆ. ಟಿಯೆಸ್ಸಾರ್, ಖಾದ್ರಿ ಶಾಮಣ್ಣ, ವೈಎನ್ಕೆ ಕಾಲದಲ್ಲಿ ಓದುಗರು ಪತ್ರಿಕೆಯನ್ನು ಸಂಪಾದಕರ ಮುಖ ನೋಡಿ ಕೊಳ್ಳುತ್ತಿದ್ದರು. ಹುಬ್ಬಳ್ಳಿಯ 'ಕಸ್ತೂರಿ' ಮಾಸಪತ್ರಿಕೆ ಅಂದರೆ ಪಾ.ವೆಂ. ಆಚಾರ್ಯ. ಒಂದು ದಪ್ಪ ಪುಸ್ತಕದ ಸಾರವನ್ನು ಕಸ್ತೂರಿಯ ಪುಸ್ತಕ ವಿಭಾಗದ ಅಳತೆಗೆ ಇಳಿಸುವುದು ಎಂಥ ಸಂಪಾದನೆ ಅಂತ ಹಳೆಯ ಸಂಚಿಕೆ ಸಿಕ್ಕವರು ನೋಡಿ. ಈಗ ಸಂಪಾದಕರ ದಿನದ ದೊಡ್ಡ ಪಾಲು ಮಾರುಕಟ್ಟೆ ವಿಭಾಗದ ಸಭೆಗಳಲ್ಲಿ ಹೋಗುತ್ತದೆ. ಚುನಾವಣೆ ಸಮಯದಲ್ಲಿ ಜಾಹೀರಾತನ್ನೇ ಸುದ್ದಿಯ ವೇಷದಲ್ಲಿ ಹಾಕುವ ಕಾಸಿಗಾಗಿ ಸುದ್ದಿ ಬಂದಿತಲ್ಲ, ಅದನ್ನು ತಡೆಯಬೇಕಾದ ಕುರ್ಚಿ ಸಂಪಾದಕರದ್ದು. ಆ ಕುರ್ಚಿಯ ಮೇಲೆ ವ್ಯವಹಾರದವರು ಕೈ ಇಟ್ಟ ಮೇಲೆ ಕೆಳಗಿನ ಡೆಸ್ಕಿಗೆ ಬಲ ಎಲ್ಲಿಂದ ಬರಬೇಕು?

ಜಿಲ್ಲಾ ಪುಟಗಳನ್ನು ಹಲವು ಕಡೆ ಈಗ ಜಿಲ್ಲೆಯಲ್ಲೇ ಕಟ್ಟುತ್ತಾರೆ. ಬರೆದವರೇ ಪುಟ ಮಾಡಿ ಕಳಿಸುತ್ತಾರೆ. ವೆಬ್‌ಸೈಟಿನಲ್ಲಿ ಇನ್ನೂ ಕಷ್ಟ. ಮೊದಲು ಯಾರು ಹಾಕಿದರು ಅನ್ನುವುದರ ಮೇಲೆ ಎಲ್ಲ ನಿಂತಿದೆ. ಒಬ್ಬ ಹುಡುಗಿ ಒಂದು ಪಾಳಿಯಲ್ಲಿ ಇಷ್ಟು ಸ್ಟೋರಿ ಅಂತ ಲೆಕ್ಕ ಕೊಡಬೇಕು. ಬರೆಯುವುದು ಅವಳೇ, ತಲೆಬರಹ ಅವಳೇ, ಫೋಟೊ ಹುಡುಕುವುದು ಅವಳೇ, ಅಪ್‌ಲೋಡ್ ಮಾಡುವುದೂ ಅವಳೇ. ಎರಡನೇ ಕಣ್ಣಿಗೆ ಸಮಯವೇ ಇಟ್ಟಿಲ್ಲ. ತಪ್ಪಾದರೆ ಸದ್ದಿಲ್ಲದೆ ಬದಲಿಸುತ್ತಾರೆ. ಅಚ್ಚಿನ ಪತ್ರಿಕೆಯಲ್ಲಿ ಮರುದಿನ 'ತಿದ್ದುಪಡಿ' ಅಂತ ಒಂದು ಚಿಕ್ಕ ಚೌಕ ಬರುತ್ತಿತ್ತು. ಆ ಚೌಕ ಬಂದರೆ ನಮಗೆ ನಾಚಿಕೆ ಆಗುತ್ತಿತ್ತು. ಆ ನಾಚಿಕೆ ಒಳ್ಳೆಯದು.

ತಪ್ಪು ಮಾಡಿದ ಹುಡುಗಿಯನ್ನು ಬೈದು ಪ್ರಯೋಜನ ಇಲ್ಲ. ಅವಳ ಪಕ್ಕದಲ್ಲಿ ಕೂತು ಕಾಪಿ ನೋಡುವವರ ಹುದ್ದೆಯನ್ನೇ ತೆಗೆದರಲ್ಲ, ಅವರನ್ನು ಕೇಳಬೇಕು.

---

ಅನುವಾದ ಓದುವವಳು, ನ್ಯೂಜೆರ್ಸಿ

ಆಯ್ಕೆಯೂ ಸಂಪಾದನೆಯೇ ಅಂತ ಒಂದು ಮಾತು ಸೇರಿಸುತ್ತೇನೆ. 2025ರಲ್ಲಿ ಇಂಟರ್‌ನ್ಯಾಷನಲ್ ಬೂಕರ್ ಪಡೆದ 'ಹಾರ್ಟ್ ಲ್ಯಾಂಪ್' ಬಾನು ಮುಷ್ತಾಕ್ ಅವರ ಕನ್ನಡದ ಒಂದು ಸಂಕಲನದ ಅನುವಾದ ಅಲ್ಲ. ಹಲವು ವರ್ಷಗಳಲ್ಲಿ ಬಂದ ಸಂಕಲನಗಳಿಂದ 12 ಕಥೆಗಳನ್ನು ಆರಿಸಿ ದೀಪಾ ಭಾಸ್ತಿ ಅನುವಾದ ಮಾಡಿದರು. ಯಾವ ಕಥೆ ಬೇಕು, ಯಾವುದು ಬೇಡ ಅಂತ ಒಬ್ಬರು ಕೂತು ಯೋಚಿಸಿದ್ದು ಆ ಪುಸ್ತಕದ ಬಲದಲ್ಲಿ ಸೇರಿದೆ.

ಅಮೆರಿಕದ ಒಂದು ಉದಾಹರಣೆ. ಹಾರ್ಪರ್ ಲೀ 1957ರಲ್ಲಿ ಕೊಟ್ಟ ಹಸ್ತಪ್ರತಿಯನ್ನು ಟೇ ಹೋಹಾಫ್ ಅನ್ನುವ ಸಂಪಾದಕಿ ಮತ್ತೆ ಮತ್ತೆ ಬರೆಸಿದರು. ಅದೇ 1960ರಲ್ಲಿ 'ಟು ಕಿಲ್ ಎ ಮಾಕಿಂಗ್‌ಬರ್ಡ್' ಆಗಿ ಬಂತು. ಮೊದಲ ರೂಪ 2015ರಲ್ಲಿ ಬೇರೆ ಪುಸ್ತಕವಾಗಿ ಹೊರಬಂತು. ಎರಡನ್ನೂ ಪಕ್ಕದಲ್ಲಿ ಇಟ್ಟು ಓದಿದರೆ ಸಂಪಾದಕರು ಏನು ಮಾಡುತ್ತಾರೆ ಅಂತ ಯಾರೂ ವಿವರಿಸಬೇಕಾಗಿಲ್ಲ. ಹೋಹಾಫ್ ಅವರಿಗೆ ಅದು ಸಂಬಳದ ಕೆಲಸ ಆಗಿತ್ತು ಅನ್ನುವುದನ್ನೂ ಗಮನಿಸಿ.

---

ಮಲೆನಾಡ ಓದುಗ

ಕೊನೆಯ ಸಾಲಿನಲ್ಲೇ ನನಗೆ ಬೇಕಾದದ್ದು ಸಿಕ್ಕಿತು ಮೇಡಂ.

ಇಲ್ಲಿ ಬಂದ ಹೆಸರುಗಳನ್ನೆಲ್ಲ ಮತ್ತೆ ನೋಡಿದೆ. ಕುರ್ತಕೋಟಿಯವರು ಹೊಟ್ಟೆಪಾಡಿಗೆ ಕಾಲೇಜಿನಲ್ಲಿ ಪಾಠ ಮಾಡಿದರು. ಮಾಸ್ತಿಯವರು ಸರ್ಕಾರಿ ನೌಕರಿ ಮುಗಿಸಿ 'ಜೀವನ' ಪತ್ರಿಕೆಯನ್ನು ಇಪ್ಪತ್ತು ವರ್ಷ ನಡೆಸಿದರು. ಇಲ್ಲಿ ಹೆಸರು ಬರದ ಕವಿ ಗೋಪಾಲಕೃಷ್ಣ ಅಡಿಗರು 'ಸಾಕ್ಷಿ' ಪತ್ರಿಕೆ ನಡೆಸಿದ್ದೂ ಪಾಠದ ಜೊತೆಗೇ. ಹಳಕಟ್ಟಿಯವರು ವಕೀಲರು. ಕನ್ನಡದ ಒಳ್ಳೆಯ ಸಂಪಾದನೆ ಬಹುಪಾಲು ನಡೆದದ್ದು ಸ್ನೇಹದಿಂದ, ಪ್ರೀತಿಯಿಂದ, ಬೇರೆ ಕಡೆಯಿಂದ ಬಂದ ಅನ್ನದ ಮೇಲೆ. ಅವರು ದೊಡ್ಡವರು. ಆದರೆ ನಾವು ಆ ಕೆಲಸವನ್ನು ಒಂದು ಹುದ್ದೆ ಮಾಡಲಿಲ್ಲ. ಅವರು ಹೋದ ಮೇಲೆ ಕುರ್ಚಿ ಖಾಲಿಯಾಗಲಿಲ್ಲ, ಯಾಕೆಂದರೆ ಕುರ್ಚಿಯೇ ಇರಲಿಲ್ಲ. ಹೊಸ ಕಥೆಗಾರರು ಕೇಳಿದ ಪ್ರಶ್ನೆಗೂ ಉತ್ತರ ಇದರಲ್ಲೇ ಇದೆ ಅನ್ನಿಸುತ್ತದೆ. ಸ್ನೇಹದಿಂದ ನಡೆಯುವ ಕೆಲಸ ಸ್ನೇಹಿತರಿಗೆ ಮೊದಲು ಸಿಗುತ್ತದೆ. ದುಡ್ಡು ಕೊಟ್ಟು ನೇಮಿಸಿದ ಸಂಪಾದಕರ ಮೇಜಿನ ಮೇಲೆ ರಾಯಚೂರಿನ ಹಸ್ತಪ್ರತಿಯೂ ಬೆಂಗಳೂರಿನದ್ದೂ ಒಂದೇ ಕಟ್ಟಿನಲ್ಲಿ ಇರುತ್ತವೆ.

ಹಾಗಾಗಿ ಪ್ರಕಾಶಕ ಸರ್, ನಿಮ್ಮ ಲೆಕ್ಕವನ್ನು ನಾನು ತಳ್ಳಿಹಾಕುವುದಿಲ್ಲ. ಸಗಟು ಖರೀದಿಯ ಪುಟದ ದರದ ಜೊತೆ ಸಂಪಾದನೆಯ ವೆಚ್ಚ ಅಂತ ಒಂದು ಭಾಗ ಸೇರಲಿ, ಮಾಹಿತಿ ಪುಟದಲ್ಲಿ ಸಂಪಾದಕರ ಹೆಸರು ಇರುವ ಪುಸ್ತಕಕ್ಕೆ ಮಾತ್ರ ಅದು ಸಿಗಲಿ ಅಂತ ಪ್ರಕಾಶಕರೆಲ್ಲ ಸೇರಿ ಕೇಳಬಹುದಲ್ಲ? ಜಿಎಸ್‌ಎಂ ಕೇಳುವ ಇಲಾಖೆ ಇದನ್ನೂ ಕೇಳಲಿ.

---

ಸಣ್ಣ ಪ್ರಕಾಶಕ

ಕೇಳಬಹುದು. ಸುಮ್ಮನೆ ಹೆಸರು ಹಾಕಿ ದುಡ್ಡು ಪಡೆಯುವವರೂ ಹುಟ್ಟಿಕೊಳ್ಳುತ್ತಾರೆ, ಅದಕ್ಕೂ ದಾರಿ ಯೋಚಿಸಬೇಕು. ತಿದ್ದಿದ ಹಸ್ತಪ್ರತಿಯ ಪ್ರತಿಯನ್ನು ಅರ್ಜಿ ಜೊತೆ ಕೊಡಬೇಕು ಅಂತ ಇಟ್ಟರೆ ಸ್ವಲ್ಪ ಮಟ್ಟಿಗೆ ತಡೆಯಬಹುದು. ನನ್ನ ಮುಂದಿನ ಎರಡು ಪುಸ್ತಕಗಳಿಗೆ ನಾನು ಬಿಡುಗಡೆ ದಿನ ಗೊತ್ತು ಮಾಡಿಲ್ಲ. ಲೇಖಕರಿಗೂ ಹೇಳಿದ್ದೇನೆ. ಇಲ್ಲಿಂದ ಶುರು ಮಾಡುತ್ತೇನೆ. ಕರಡು ತಿದ್ದುವ ಮೇಡಂ, ನೀವು ಹೇಳಿದ ಬದಿಯ ಟಿಪ್ಪಣಿ ಕೆಲಸ ಮಾಡಿಕೊಡಲು ಒಪ್ಪುತ್ತೀರಾ? ಪುಟ ಕಟ್ಟುವ ಮುಂಚೆಯೇ ಕೊಡುತ್ತೇನೆ.

---

ಕರಡು ತಿದ್ದುವವಳು

ಒಪ್ಪುತ್ತೇನೆ ಸರ್. ಮೂರು ಮಾತು ಮೊದಲೇ ಆಗಿಬಿಡಲಿ. ಕರಡಿನ ದರಕ್ಕೆ ಈ ಕೆಲಸ ಆಗುವುದಿಲ್ಲ, ಒಂದು ಹಸ್ತಪ್ರತಿಯನ್ನು ಕಡಿಮೆ ಅಂದರೂ ಎರಡು ಸಲ ಪೂರ್ತಿ ಓದಬೇಕು. ನನ್ನ ಟಿಪ್ಪಣಿಗಳು ಲೇಖಕರಿಗೆ ನೇರವಾಗಿ ಹೋಗಬೇಕು, ನಡುವೆ ಯಾರೂ ಸೋಸಬಾರದು. ಲೇಖಕರು ಒಪ್ಪದ ಯಾವ ಬದಲಾವಣೆಯೂ ಅಚ್ಚಿಗೆ ಹೋಗಬಾರದು. ಇದನ್ನು ಒಪ್ಪಂದದಲ್ಲೇ ಬರೆಯಿರಿ.

ಹೊಸ ಕಥೆಗಾರರೇ, ನೀವೂ ಕಳಿಸಿ. ನನಗೆ ನಿಮ್ಮ ಕಡೆಯ ಮಾತು ಪೂರ್ತಿ ಬರುವುದಿಲ್ಲ, ಬಳ್ಳಾರಿಯ ತನಕ ಪರವಾಗಿಲ್ಲ. ಗೊತ್ತಾಗದ ಮಾತಿಗೆ ಗೆರೆ ಹಾಕಿ ನಿಮ್ಮನ್ನೇ ಕೇಳುತ್ತೇನೆ. ಮೊದಲು ಒಂದು ಕಥೆ ಸಾಕು, ಅಜ್ಜಿ ಇರುವುದನ್ನೇ ಕಳಿಸಿ. ಅಚ್ಚಾದ ರೂಪ ಬೇಡ, ನೀವು ಬರೆದದ್ದು ಬೇಕು. ಯೂನಿಕೋಡಿನಲ್ಲಿ ಇದ್ದರೆ ಒಳ್ಳೆಯದು.